ಕನಸನ್ನು ಹತೋಟಿಗೆ ತರುವ ಕಣ್ಣುಪಟ್ಟಿ: ಎಪ್ಪತ್ತೊಂದು ರಾತ್ರಿ ಕಟ್ಟಿಕೊಂಡು ಮಲಗಿದ ಮೇಲೆ

ಕನಸು ಕಾಣುತ್ತಿರುವಾಗಲೇ ಇದು ಕನಸೆಂದು ತಿಳಿಯುವುದಕ್ಕೆ ಇಂಗ್ಲಿಷಿನಲ್ಲಿ ‘ಲೂಸಿಡ್ ಡ್ರೀಮ್’ ಎನ್ನುತ್ತಾರೆ. ಕನ್ನಡದ ಬಳಕೆಯಲ್ಲಿ ಇದಕ್ಕೆ ನೆಲೆನಿಂತ ಹೆಸರು ಇನ್ನೂ ಇಲ್ಲವಾದ್ದರಿಂದ ಇಲ್ಲಿ ‘ಅರಿವಿನ ಕನಸು’ ಎಂದು ಬರೆಯುತ್ತೇನೆ. ಅಂಥ ಕನಸನ್ನು ತರಿಸುವುದಾಗಿ, ಅಷ್ಟೇ ಅಲ್ಲ, ಕನಸಿನ ಕಥೆಯನ್ನೇ ಬೇಕಾದಂತೆ ನಡೆಸಲು ಕಲಿಸುವುದಾಗಿ ಹೇಳಿಕೊಳ್ಳುವ ಒಂದು ಕಣ್ಣುಪಟ್ಟಿಯನ್ನು ಕಳೆದ ಮಾರ್ಚಿನಲ್ಲಿ 4,299 ರೂಪಾಯಿ ಕೊಟ್ಟು ಆನ್‌ಲೈನಿನಲ್ಲಿ ತರಿಸಿಕೊಂಡೆ. ಇದೇ ಪಟ್ಟಿ, ಇದೇ ಹೊಲಿಗೆ, ಇದೇ ಕೆಂಪು ದೀಪಗಳು ಮೂರು ನಾಲ್ಕು ಬೇರೆ ಬೇರೆ ಹೆಸರುಗಳಲ್ಲಿ ಮಾರಾಟಕ್ಕಿವೆ. ಆದಕಾರಣ ನಾನು ಕೊಂಡದ್ದರ ಹೆಸರನ್ನು ಹೇಳುವುದಕ್ಕಿಂತ ಈ ಬಗೆಯ ಸಾಮಾನಿನ ಗುಣದೋಷಗಳನ್ನು ಹೇಳುವುದೇ ಕೊಳ್ಳಬೇಕೆಂದಿರುವವರಿಗೆ ಹೆಚ್ಚು ಉಪಯೋಗವಾದೀತು. ಜೂನ್ ಮೊದಲ ವಾರದವರೆಗೆ ಒಟ್ಟು 71 ರಾತ್ರಿ ಇದನ್ನು ಕಟ್ಟಿಕೊಂಡು ಮಲಗಿದ್ದೇನೆ. ಪ್ರತಿ ಬೆಳಿಗ್ಗೆ ಕಂಡದ್ದನ್ನು ಬರೆದಿಟ್ಟಿದ್ದೇನೆ. ಮುಂದಿನ ಮಾತುಗಳಿಗೆ ಆ ಬರವಣಿಗೆಯೇ ಆಧಾರ.

ಮೊದಲು ವಸ್ತುವಿನ ವಿಚಾರ. ವಿಮಾನದಲ್ಲಿ ಕೊಡುವ ಕಣ್ಣುಪಟ್ಟಿಗಿಂತ ಇದು ಎರಡು ಪಟ್ಟು ದಪ್ಪವಾಗಿದ್ದು, ಕಣ್ಣಿನ ಜಾಗದಲ್ಲಿ ರೆಪ್ಪೆಗೆ ತಾಗದಂತೆ ಸ್ಪಂಜಿನಲ್ಲಿ ಬಟ್ಟಲಿನ ಹಾಗೆ ಗುಳಿ ಮಾಡಲಾಗಿದೆ. ಒಂದೊಂದು ಗುಳಿಯಲ್ಲಿ ಮೂರು ಕೆಂಪು ಎಲ್‌ಇಡಿ ದೀಪಗಳಿವೆ, ಮೂಗಿನ ಮೇಲೆ ಬರುವ ಭಾಗದಲ್ಲಿ ಸಣ್ಣಗೆ ಅದುರುವ ಮೋಟಾರ್ ಇದೆ. ಒಮ್ಮೆ ಚಾರ್ಜ್ ಮಾಡಿದರೆ ನಾಲ್ಕು ರಾತ್ರಿ ಬರುತ್ತದೆ. ಈ ಒಂದು ವಿಷಯದಲ್ಲಿ ಮಾರಾಟಗಾರರ ಮಾತು ಅಕ್ಷರಶಃ ನಿಜ. ಸ್ಪಂಜಿಗೆ ಹೊಸ ರಬ್ಬರಿನ ವಾಸನೆಯಿದ್ದು, ಎರಡು ದಿನ ಬಿಸಿಲಿಗೆ ಹಾಕಿದ ಮೇಲೆ ಕಡಿಮೆಯಾಯಿತು. ಹಿಂಬದಿಯ ವೆಲ್ಕ್ರೋ ಕೂದಲನ್ನು ಹಿಡಿದು ಎಳೆಯುತ್ತದೆ. ಮಗ್ಗುಲಾಗಿ ಮಲಗುವವರಿಗೆ ಕಿವಿಯ ಮೇಲಿನ ಪಟ್ಟಿ ಒತ್ತುತ್ತದೆ. ಏಪ್ರಿಲ್ ತಿಂಗಳ ಮೈಸೂರಿನ ಸೆಕೆಯಲ್ಲಿ ಬೆಳಗಿನ ಜಾವದ ಹೊತ್ತಿಗೆ ಸ್ಪಂಜು ಬೆವರು ಕುಡಿದು ಹಸಿ ಬಟ್ಟೆಯಂತಾಗಿರುತ್ತಿತ್ತು.

ಈ ಸಾಮಾನಿನ ಹಿಂದಿರುವ ಮೂಲ ವಿಚಾರ ಪೊಳ್ಳಲ್ಲ ಎಂಬುದನ್ನು ನ್ಯಾಯವಾಗಿ ಹೇಳಬೇಕು. ನಿದ್ರೆಯಲ್ಲಿ ಕಣ್ಣುಗುಡ್ಡೆಗಳು ಚುರುಕಾಗಿ ಓಡಾಡುವ ಘಟ್ಟವೊಂದಿದೆಯೆಂದು, ಆಗ ಎಬ್ಬಿಸಿದವರು ಹೆಚ್ಚಾಗಿ ಕನಸನ್ನು ವಿವರಿಸುತ್ತಾರೆಂದು ಷಿಕಾಗೊದಲ್ಲಿ ಆಸೆರಿನ್‌ಸ್ಕಿ ಮತ್ತು ಕ್ಲೈಟ್‌ಮನ್ 1953ರಲ್ಲಿ ಪ್ರಕಟಿಸಿದರು. ರೆಮ್ ನಿದ್ರೆ ಎಂದು ಕರೆಯುವ ಈ ಘಟ್ಟ ಸುಮಾರು ತೊಂಬತ್ತು ನಿಮಿಷಕ್ಕೊಮ್ಮೆ ಮರಳಿ ಬರುತ್ತದೆ, ಬೆಳಗಾಗುತ್ತ ಬಂದಂತೆ ಉದ್ದವಾಗುತ್ತ ಹೋಗುತ್ತದೆ. ಆಗ ಕೈಕಾಲುಗಳ ಸ್ನಾಯುಗಳು ಸಡಿಲವಾಗಿ ಬಿದ್ದಿರುತ್ತವೆ, ಆದರೆ ಕಣ್ಣಿನ ಸ್ನಾಯುಗಳಿಗೆ ಆ ಕಟ್ಟಿಲ್ಲ. ಇಂಗ್ಲೆಂಡಿನ ಹಲ್ ವಿಶ್ವವಿದ್ಯಾಲಯದಲ್ಲಿ ಕೀತ್ ಹರ್ನ್ ಹಿಡಿದದ್ದು ಇದೇ ಎಳೆಯನ್ನು. ಕನಸೆಂದು ಗೊತ್ತಾದ ಕೂಡಲೇ ಕಣ್ಣನ್ನು ಎಡಕ್ಕೂ ಬಲಕ್ಕೂ ಮೊದಲೇ ಮಾತಾಡಿಕೊಂಡ ಎಣಿಕೆಯಲ್ಲಿ ಹೊರಳಿಸಬೇಕೆಂದು ಅಲನ್ ವರ್ಸ್‌ಲಿ ಎಂಬವರಿಗೆ ಹೇಳಿ ಮಲಗಿಸಿದ್ದರು. 1975ರ ಏಪ್ರಿಲ್‌ನ ಒಂದು ಬೆಳಿಗ್ಗೆ ಆ ಸಂಜ್ಞೆ, ಕಣ್ಣಿನ ಓಡಾಟವನ್ನು ಬರೆದಿಡುವ ಯಂತ್ರದ ಕಾಗದದ ಮೇಲೆ ಮೂಡಿತು. ಅಮೆರಿಕದ ಸ್ಟ್ಯಾನ್‌ಫರ್ಡ್‌ನಲ್ಲಿ ಸ್ಟೀಫನ್ ಲಬರ್ಜ್ ತಮ್ಮಷ್ಟಕ್ಕೆ ತಾವೇ ಇದೇ ದಾರಿಯಲ್ಲಿ ನಡೆದು 1981ರಲ್ಲಿ ಪ್ರಕಟಿಸಿದರು. ಮುಂದೆ, ಕಣ್ಣಿನ ಓಡಾಟವನ್ನು ಗುರುತಿಸಿ ದೀಪ ಮಿನುಗಿಸುವ ‘ನೋವಾಡ್ರೀಮರ್’ ಎಂಬ ಪಟ್ಟಿಯನ್ನು ಅವರ ಸಂಸ್ಥೆಯೇ ಹೊರತಂದಿತು. ಇಂದು ಸಿಗುವ ಅಗ್ಗದ ಪಟ್ಟಿಗಳೆಲ್ಲ ದೂರದ ಲೆಕ್ಕದಲ್ಲಿ ಅದರ ಮರಿಮಕ್ಕಳು. ದೀಪ ಕೆಂಪಾಗಿರುವುದಕ್ಕೂ ಕಾರಣವಿದೆ: ಮುಚ್ಚಿದ ರೆಪ್ಪೆಯನ್ನು ದಾಟಿ ಒಳಗೆ ಹೋಗುವುದರಲ್ಲಿ ಉಳಿದ ಬಣ್ಣಗಳಿಗಿಂತ ಕೆಂಪು ಮುಂದು.

ಈ ಪ್ರಾಮಾಣಿಕ ಇತಿಹಾಸದ ಒಂದು ಸಾಲೂ ಪೆಟ್ಟಿಗೆಯಲ್ಲಿ ಬಂದ ಕೈಪಿಡಿಯಲ್ಲಿಲ್ಲ. ಅದರ ಬದಲಿಗೆ ‘ಸ್ವಪ್ನ ನಿಯಂತ್ರಣ ವಿಜ್ಞಾನ’ ಎಂದು ಅನುವಾದಿಸಬಹುದಾದ ತಲೆಬರಹದಡಿ ಒಂದು ಕಾಲ್ಪನಿಕ ಶಾಸ್ತ್ರವನ್ನೇ ಕಟ್ಟಿದ್ದಾರೆ. ಕನಸಿನ ಹತೋಟಿಗೆ ಏಳು ಮೆಟ್ಟಿಲುಗಳಂತೆ. ಮೂರನೆಯದರಲ್ಲಿ ಹಾರಬಹುದು, ಐದನೆಯದರಲ್ಲಿ ತೀರಿಹೋದವರನ್ನು ಕರೆಯಬಹುದು, ಏಳನೆಯದರಲ್ಲಿ ಇನ್ನೊಬ್ಬರ ಕನಸಿನೊಳಗೆ ಹೋಗಬಹುದು. ಪ್ರತಿ ಮೆಟ್ಟಿಲಿಗೂ ಒಂದು ‘ತರಂಗಾಂಕ’, ಒಂದು ಬಣ್ಣ, ಆ್ಯಪಿನಲ್ಲಿ ಹಣ ಕಟ್ಟಿ ತೆರೆಯಬೇಕಾದ ಒಂದು ಪಾಠ. ಕನಸು ಹುಟ್ಟುವುದು ಡೆಲ್ಟಾ ಅಲೆಗಳಲ್ಲಿ ಎಂದು ಹನ್ನೊಂದನೆಯ ಪುಟ ಹೇಳುತ್ತದೆ. ಡೆಲ್ಟಾ ಎಂಬುದು ಗಾಢನಿದ್ರೆಯ ನಿಧಾನದ ಅಲೆ. ರೆಮ್ ನಿದ್ರೆಯಲ್ಲಿ ಮಿದುಳಿನ ಅಲೆಗಳು ಎಚ್ಚರದವನ ಅಲೆಗಳನ್ನೇ ಹೋಲುತ್ತವೆ ಎಂಬುದೇ ಈ ನಿದ್ರೆಯ ವಿಶೇಷ. ತಾವು ಮಾರುವ ಸಾಮಾನು ಯಾವ ನಿದ್ರೆಯಲ್ಲಿ ದೀಪ ಹಚ್ಚಬೇಕು ಎಂಬುದೇ ಬರೆದವರಿಗೆ ತಿಳಿದಿಲ್ಲವೆಂದಾಯಿತು.

ಕೈಪಿಡಿಯ ಇನ್ನೊಂದು ಅಧ್ಯಾಯ ಋಷಿಗಳು ಇದನ್ನೆಲ್ಲ ಮೊದಲೇ ಕಂಡುಹಿಡಿದಿದ್ದರು ಎನ್ನುತ್ತದೆ. ನಮ್ಮ ಗ್ರಂಥಗಳಲ್ಲಿ ಕನಸಿನ ವಿಚಾರ ಇರುವುದೇನೋ ಹೌದು. ಮಾಂಡೂಕ್ಯ ಉಪನಿಷತ್ತು ಆತ್ಮಕ್ಕೆ ಎಚ್ಚರ, ಕನಸು, ಗಾಢನಿದ್ರೆ, ಈ ಮೂರರಾಚೆಯ ತುರೀಯ ಎಂದು ನಾಲ್ಕು ಪಾದಗಳನ್ನು ಹೇಳುತ್ತದೆ. ಕನಸಿನಲ್ಲಿ ರಥಗಳಿಲ್ಲ, ಕುದುರೆಗಳಿಲ್ಲ, ದಾರಿಗಳಿಲ್ಲ, ಆದರೆ ಕನಸು ಕಾಣುವವನೇ ರಥಗಳನ್ನೂ ಕುದುರೆಗಳನ್ನೂ ದಾರಿಗಳನ್ನೂ ಸೃಷ್ಟಿಸಿಕೊಳ್ಳುತ್ತಾನೆ ಎಂದು ಬೃಹದಾರಣ್ಯಕ ಉಪನಿಷತ್ತು ಹೇಳುತ್ತದೆ. ಕನಸು ಮತ್ತು ನಿದ್ರೆಯ ಅರಿವನ್ನೇ ಆಲಂಬನವಾಗಿ ಹಿಡಿದು ಮನಸ್ಸನ್ನು ನಿಲ್ಲಿಸಬಹುದೆಂದು ಯೋಗಸೂತ್ರದ ಮೊದಲ ಪಾದದಲ್ಲಿ ಒಂದು ಸೂತ್ರವಿದೆ. ಟಿಬೆಟನ್ನರಲ್ಲಂತೂ ಕನಸಿನ ಯೋಗವೆಂದೇ ಒಂದು ಸಾಧನೆಯಿದೆ. ಇವುಗಳಲ್ಲಿ ಯಾವುದೂ ಮನರಂಜನೆಗಾಗಿ ಹಾರುವುದನ್ನು ಕಲಿಸಲು ಹೊರಟದ್ದಲ್ಲ. ಬೃಹದಾರಣ್ಯಕದ ಅದೇ ಪ್ರಕರಣದಲ್ಲಿ, ಮಲಗಿದವನನ್ನು ತಟ್ಟನೆ ಎಬ್ಬಿಸಬಾರದು ಎಂದು ಹೇಳುತ್ತಾರೆ ಎಂಬ ಮಾತೂ ಇದೆ. ಮೂಗಿನ ಮೇಲೆ ಮೋಟಾರ್ ಅದುರಿಸುವ ಕಂಪನಿಯವರು ಆ ಸಾಲನ್ನು ಉದ್ಧರಿಸಿಲ್ಲ.

ಪಟ್ಟಿಯಲ್ಲಿ ಕೃತಕ ಬುದ್ಧಿಮತ್ತೆಯಿದೆಯೆಂದೂ ಅದು ರೆಮ್ ನಿದ್ರೆಯನ್ನು ತಾನೇ ಗುರುತಿಸಿ ಸರಿಯಾದ ಗಳಿಗೆಯಲ್ಲಿ ದೀಪ ಮಿನುಗಿಸುತ್ತದೆಯೆಂದೂ ಜಾಹೀರಾತಿನಲ್ಲಿತ್ತು. ಮೊದಲ ಹದಿನೈದು ದಿನ ಬೆಳಿಗ್ಗೆ ಎದ್ದು ಆ್ಯಪಿನಲ್ಲಿ ನನ್ನ ಕನಸಿನ ನಕ್ಷೆ ನೋಡುತ್ತಿದ್ದೆ. ನಾನು ನಿದ್ದೆಯಿಲ್ಲದೆ ಹೊರಳಾಡಿದ ರಾತ್ರಿಯೂ ನಾಲ್ಕು ಕನಸು, ಚೆನ್ನಾಗಿ ಮಲಗಿದ ರಾತ್ರಿಯೂ ನಾಲ್ಕೇ ಕನಸು. ಅನುಮಾನ ಬಂದು, ಯುಗಾದಿಗೆ ತಂದಿದ್ದರಲ್ಲಿ ಉಳಿದಿದ್ದ ಒಂದು ತೆಂಗಿನಕಾಯಿಯನ್ನು ತೆಗೆದುಕೊಂಡು, ಜುಟ್ಟು ಹಿಂದಕ್ಕೆ ಬರುವಂತೆ ಪಟ್ಟಿ ಕಟ್ಟಿ, ಮೇಜಿನ ಮೇಲೆ ಒಂದು ಸಿಂಬೆಯ ಮೇಲೆ ಕೂರಿಸಿದೆ. ಆ್ಯಪಿನಲ್ಲಿ ಅದಕ್ಕೊಂದು ಬೇರೆ ಖಾತೆ ತೆರೆದೆ. ಬೆಳಿಗ್ಗೆ ನೋಡಿದರೆ ಕಾಯಿ ಏಳು ಗಂಟೆ ಹತ್ತು ನಿಮಿಷ ಮಲಗಿತ್ತು, ನಾಲ್ಕು ಕನಸು ಕಂಡಿತ್ತು, ಅದರ ನಿದ್ರೆಯ ಗುಣಮಟ್ಟ ನನ್ನದಕ್ಕಿಂತ ಒಂಬತ್ತು ಅಂಕ ಮೇಲಿತ್ತು. ಕಾಯಿಗೆ ಮೂರು ಕಣ್ಣಿರುವುದು ನಿಜ, ಆದರೆ ಅವು ಓಡಾಡುವುದಿಲ್ಲ. ಮರುದಿನ ದೀಪಗಳು ಹತ್ತುವ ಸಮಯವನ್ನು ಗಡಿಯಾರ ಹಿಡಿದು ನೋಡಿದಾಗ ಎಲ್ಲ ಸ್ಪಷ್ಟವಾಯಿತು: ಗುಂಡಿ ಒತ್ತಿದ ನಾಲ್ಕೂವರೆ ಗಂಟೆಗೆ ಮೊದಲ ಮಿನುಗು, ಆಮೇಲೆ ಇಪ್ಪತ್ತು ನಿಮಿಷಕ್ಕೊಮ್ಮೆ. ಒಳಗಿರುವುದು ಬುದ್ಧಿಯಲ್ಲ, ಟೈಮರ್.

ಟೈಮರ್ ಆದ ಮಾತ್ರಕ್ಕೆ ಪಟ್ಟಿ ನಿಷ್ಪ್ರಯೋಜಕ ಎಂದು ನಾನು ಹೇಳುವುದಿಲ್ಲ. ನಾಲ್ಕೂವರೆ ಗಂಟೆಯ ನಂತರ ರೆಮ್ ನಿದ್ರೆ ಹೆಚ್ಚಿರುವುದರಿಂದ ಇಪ್ಪತ್ತು ನಿಮಿಷಕ್ಕೊಮ್ಮೆ ಕಣ್ಣುಮುಚ್ಚಿ ಕಲ್ಲು ಹೊಡೆದರೂ ಒಂದಲ್ಲ ಒಂದು ಕನಸಿಗೆ ತಾಗುತ್ತದೆ. ನನ್ನ ಟಿಪ್ಪಣಿಯಂತೆ 71 ರಾತ್ರಿಗಳಲ್ಲಿ 19 ರಾತ್ರಿ ದೀಪದ ಬೆಳಕು ಕನಸಿನೊಳಗೆ ಬಂದಿದೆ. ಆದರೆ ಅದು ದೀಪವಾಗಿ ಬರುವುದಿಲ್ಲ, ಈ ಪಟ್ಟಿಯ ವಿಷಯದಲ್ಲಿ ಅತ್ಯಂತ ಕುತೂಹಲದ ಸಂಗತಿಯೂ ಅದೇ. ಕನಸು ಬೆಳಕನ್ನು ನುಂಗಿ ತನ್ನದೇ ಕಥೆಯ ಸಾಮಾನನ್ನಾಗಿ ಮಾಡಿಕೊಳ್ಳುತ್ತದೆ. ಒಂದು ರಾತ್ರಿ ನಾನು ಘಾಟಿಯಲ್ಲಿ ಬಸ್ಸಿನ ಹಿಂದೆ ಬೈಕಿನಲ್ಲಿ ಹೋಗುತ್ತಿದ್ದೆ. ಬಸ್ಸು ಮೂರು ಬಾರಿ ಬ್ರೇಕ್ ಹಾಕಿತು, ಮೂರು ಬಾರಿ ಕೆಂಪು ದೀಪ ಹೊತ್ತಿತು, ಈ ಡ್ರೈವರಿಗೆ ಇವತ್ತು ಏನಾಗಿದೆ ಎಂದು ಬೈದುಕೊಂಡೆ. ಇನ್ನೊಂದು ರಾತ್ರಿ ಯಾರದೋ ಮದುವೆಯ ಚಪ್ಪರದಲ್ಲಿ ಸೀರಿಯಲ್ ಸೆಟ್ ಕೆಟ್ಟಿತ್ತು; ಎಲೆಕ್ಟ್ರಿಷಿಯನ್ನನ್ನು ಹುಡುಕುತ್ತ ಅಡುಗೆಮನೆಯವರೆಗೆ ಹೋದೆ. ಮತ್ತೊಂದು ರಾತ್ರಿ ರಕ್ತದೊತ್ತಡ ನೋಡುವ ಯಂತ್ರ ಕೆಂಪಗೆ ಮಿನುಗುತ್ತಿತ್ತು, ನಾನು ಡಾಕ್ಟರರಿಗೆ ಉಪ್ಪು ಬಿಟ್ಟಿದ್ದೇನೆಂದು ಸುಳ್ಳು ಹೇಳುತ್ತಿದ್ದೆ. ಎಚ್ಚರಿಸಲೆಂದು ಕಳುಹಿಸಿದ ದೂತನನ್ನೇ ಕನಸು ವೇಷ ಹಾಕಿಸಿ ತನ್ನ ಆಟಕ್ಕೆ ಸೇರಿಸಿಕೊಂಡುಬಿಡುತ್ತದೆ.

ಇದು ನನ್ನೊಬ್ಬನ ಅನುಭವವೇನೂ ಅಲ್ಲ. ನಿದ್ರೆಯ ಸಂಶೋಧಕರಾದ ಡಿಮೆಂಟ್ ಮತ್ತು ವುಲ್ಪರ್ಟ್ 1958ರಲ್ಲಿ, ರೆಮ್ ನಿದ್ರೆಯಲ್ಲಿರುವವರಿಗೆ ಶಬ್ದ ಕೇಳಿಸಿ, ಬೆಳಕು ತೋರಿಸಿ, ತಣ್ಣೀರು ಚಿಮುಕಿಸಿ, ಆಮೇಲೆ ಎಬ್ಬಿಸಿ ಕೇಳಿದ್ದರು. ಹೆಚ್ಚು ಸಲ ಕನಸಿಗೆ ಸೇರಿದ್ದು ನೀರು, ಆಮೇಲೆ ಬೆಳಕು, ಕೊನೆಗೆ ಶಬ್ದ. ಹಾಗೆ ನೋಡಿದರೆ ತಯಾರಕರು ನೀರು ಚಿಮುಕಿಸುವ ಪಟ್ಟಿಯನ್ನು ಮಾಡಬೇಕಿತ್ತು. ಅಂಥದ್ದನ್ನು ಕೊಳ್ಳುವವರು ಯಾರು ಎಂಬುದು ಬೇರೆ ಮಾತು.

ದೀಪದ ತೀವ್ರತೆಗೆ ಐದು ಮಟ್ಟಗಳಿವೆ. ಒಂದರಲ್ಲಿ ಏನೂ ಗೊತ್ತಾಗುವುದಿಲ್ಲ, ನಾಲ್ಕು ಐದರಲ್ಲಿ ನಿದ್ದೆಯೇ ಹಾರಿಹೋಗುತ್ತದೆ, ಎರಡು ಮೂರರ ನಡುವೆ ನಮ್ಮ ನಮ್ಮ ರೆಪ್ಪೆಗೆ ಹೊಂದುವುದನ್ನು ಹುಡುಕಿಕೊಳ್ಳಬೇಕು. ಐದಕ್ಕೆ ಇಟ್ಟ ರಾತ್ರಿ ಸ್ಪಂಜಿನ ಅಂಚಿನಿಂದ ಬೆಳಕು ಸೋರಿ ಕೋಣೆಯ ಗೋಡೆಯೆಲ್ಲ ಕೆಂಪಾಗಿ, ಹೆಂಡತಿ ಎದ್ದು ಕೂತು, “ಏನ್ರೀ ಇದು, ಆಂಬುಲೆನ್ಸ್ ತಲೆಗೆ ಕಟ್ಕೊಂಡು ಮಲಗಿದೀರಾ?” ಎಂದು ಕೇಳಿದಳು. ಮೂರನೆಯ ವಾರದ ಹೊತ್ತಿಗೆ ಹಗಲಿನಲ್ಲಿ ತೂಕಡಿಕೆ ಶುರುವಾಗಿತ್ತು. ಒಂದು ಬೆಳಗಿನ ಜಾವ ದೀಪಕ್ಕೆ ಅರ್ಧ ಎಚ್ಚರವಾಗಿ, ಕಣ್ಣು ಬಿಟ್ಟಿದ್ದರೂ ಕೈಕಾಲು ಆಡಿಸಲಾಗದೆ, ಎದೆಯ ಮೇಲೆ ಯಾರೋ ಕೂತು ಅಮುಕಿದಂತೆ ಕೆಲವು ಕ್ಷಣ ಕಳೆದೆ. ಸ್ನಾಯುಗಳ ಕಟ್ಟು ಬಿಡುವ ಮೊದಲೇ ಎಚ್ಚರ ಬಂದರೆ ಹೀಗಾಗುತ್ತದೆಂದು ಓದಿದ್ದವನಿಗೂ ಆ ಕ್ಷಣದಲ್ಲಿ ಓದು ನೆನಪಾಗಲಿಲ್ಲ. ಕೈಪಿಡಿಯಲ್ಲಿ ಇದರ ಬಗ್ಗೆ ಎಚ್ಚರಿಕೆಯ ಒಂದು ಮಾತೂ ಇಲ್ಲದಿರುವುದನ್ನು ನಾನು ಗಂಭೀರ ಲೋಪವೆಂದು ಎಣಿಸುತ್ತೇನೆ. ಮೂರ್ಛೆರೋಗ ಇರುವವರು ಮಿನುಗುವ ದೀಪದ ಇಂಥ ಸಾಮಾನನ್ನು ಕಟ್ಟಿಕೊಳ್ಳಲೇಬಾರದು. ನಿದ್ರೆಯ ತೊಂದರೆಗೋ ಮನೋರೋಗಕ್ಕೋ ಚಿಕಿತ್ಸೆ ಪಡೆಯುತ್ತಿರುವವರು ತಮ್ಮ ವೈದ್ಯರನ್ನು ಕೇಳದೆ ಇದರ ತಂಟೆಗೆ ಹೋಗಬಾರದು.

ಪಟ್ಟಿ ಕೊಂಡವರು ಪಟ್ಟಿಯ ಹೊರಗೆ ಮಾಡಬೇಕಾದ ಕೆಲಸವೇ ಹೆಚ್ಚು. ಏಳುತ್ತಲೇ, ಮಗ್ಗುಲು ಬದಲಿಸುವ ಮೊದಲು ಕನಸನ್ನು ಬರೆಯುವುದು ಮೊದಲನೆಯದು. ಬರೆಯತೊಡಗಿದ ಹತ್ತು ದಿನಕ್ಕೇ ನನಗೆ ನೆನಪುಳಿಯುವ ಕನಸುಗಳು ಎರಡರಷ್ಟಾದವು. ಹಗಲಿನಲ್ಲಿ ಆಗಾಗ, ಇದು ಕನಸಿರಬಹುದೇ ಎಂದು ನಿಜವಾಗಿ ಸಂಶಯಪಟ್ಟು ಪರೀಕ್ಷಿಸುವುದು ಎರಡನೆಯದು. ಒಂದು ಬರಹವನ್ನು ಓದಿ, ಕಣ್ಣು ತೆಗೆದು, ಮತ್ತೆ ಓದಿದರೆ ಕನಸಿನಲ್ಲಿ ಅಕ್ಷರಗಳು ಬಹಳ ಸಲ ಬದಲಾಗಿರುತ್ತವೆ. ನಾನು ದಿನವೂ ದಾಟುವ ಒಂದು ಅಂಗಡಿಯ ಬೋರ್ಡನ್ನು ಎರಡೆರಡು ಬಾರಿ ಓದುವ ರೂಢಿ ಮಾಡಿಕೊಂಡೆ; ಅಂಗಡಿಯವರು ಸಾಲಗಾರನನ್ನು ನೋಡುವಂತೆ ನನ್ನನ್ನು ನೋಡತೊಡಗಿದ್ದರು. ಮೂರನೆಯದು ಲಬರ್ಜ್ ರೂಪಿಸಿದ ಕ್ರಮ: ಸುಮಾರು ಐದು ಗಂಟೆ ಮಲಗಿ ಎದ್ದು, ಆಗಷ್ಟೇ ಕಂಡ ಕನಸನ್ನು ನೆನೆದು, ಮುಂದಿನ ಸಲ ಕನಸು ಬಿದ್ದಾಗ ಇದು ಕನಸೆಂದು ನೆನಪು ಮಾಡಿಕೊಳ್ಳುತ್ತೇನೆ ಎಂದು ಮನಸ್ಸಿನಲ್ಲಿ ಗಟ್ಟಿ ಮಾಡುತ್ತ ಮತ್ತೆ ನಿದ್ದೆಗೆ ಜಾರುವುದು. ಇದರಲ್ಲಿ ಯಾವುದಕ್ಕೂ ವಿದ್ಯುತ್ತು ಬೇಕಿಲ್ಲ.

ಇಷ್ಟೆಲ್ಲ ಮಾಡಿ 71 ರಾತ್ರಿಗಳಲ್ಲಿ ನನಗೆ ಅರಿವಿನ ಕನಸು ಬಿದ್ದದ್ದು ಮೂರು ಬಾರಿ. ಎರಡು ಸಲ ಅರಿವಾದ ಕ್ಷಣವೇ ಸಂತೋಷಕ್ಕೆ ಎಚ್ಚರವಾಯಿತು. ಮೂರನೆಯದು ಮೇ ತಿಂಗಳ ಕೊನೆಯಲ್ಲಿ. ಮಲೆನಾಡಿನ ನಮ್ಮ ಅಜ್ಜಿಯ ಮನೆಯ ಜಗಲಿಯಲ್ಲಿ ಕೂತಿದ್ದೆ. ಜೋರು ಮಳೆ, ಒಳಗೆ ಅಜ್ಜಿ ಯಾರನ್ನೋ ಕಾಫಿಗೆ ಕರೆಯುತ್ತಿದ್ದಳು. ಗೋಡೆಗೆ ತೂಗುಹಾಕಿದ್ದ ಲಾಟೀನು ಕೆಂಪಗೆ ಮೂರು ಸಲ ಮಿನುಗಿ, ನಿಂತು, ಮತ್ತೆ ಮೂರು ಸಲ ಮಿನುಗಿತು. ಗಾಳಿಗೆ ಹೀಗಾಗುತ್ತಿದೆ ಎಂದುಕೊಂಡೆ. ಆಮೇಲೆ, ಗಾಳಿ ಹೀಗೆ ಎಣಿಸಿ ಬೀಸುವುದಿಲ್ಲ ಎನ್ನಿಸಿತು. ಲಾಟೀನಿನ ಕೆಳಗೆ ಕ್ಯಾಲೆಂಡರ್ ಇತ್ತು. ಓದಿದೆ, ‘ಆಷಾಢ’ ಎಂದಿತ್ತು. ಮಳೆಯ ಕಡೆ ನೋಡಿ ತಿರುಗಿ ಓದಿದೆ, ‘ಅಡಿಕೆ’ ಎಂದಿತ್ತು. ಅಷ್ಟು ಸಾಕಾಯಿತು. ಕನಸು ಚದುರುವಂತೆ ಕಂಡಾಗ ಕೈಪಿಡಿಯಲ್ಲಿಲ್ಲದ, ಬೇರೆಡೆ ಓದಿದ್ದ ಉಪಾಯದಂತೆ ಎರಡೂ ಅಂಗೈಗಳನ್ನು ಉಜ್ಜಿಕೊಂಡೆ. ಅಂಗೈ ಬೆಚ್ಚಗಾದದ್ದು ಸ್ಪಷ್ಟವಾಗಿ ತಿಳಿಯಿತು, ಜಗಲಿ ಮತ್ತೆ ಗಟ್ಟಿಯಾಯಿತು. ಕೆಂಪು ಗಾರೆಯ ನೆಲ ಕಾಲಿಗೆ ತಣ್ಣಗಿತ್ತು. ಮೂರನೆಯ ಮೆಟ್ಟಿಲಿನ ಪಾಠದಂತೆ ಹಾರಲು ನೋಡಿದೆ. ಮಂಡಿ ಬಗ್ಗಿತು, ಅಷ್ಟೇ. ಮಳೆ ನಿಲ್ಲಲಿ ಎಂದೆ. ನಿಲ್ಲಲಿಲ್ಲ. ಅಜ್ಜಿ ಒಳಗಿನಿಂದ, “ಯಾರ ಹತ್ರ ಮಾತಾಡ್ತಾ ಇದೀಯೋ?” ಎಂದಳು. ಅವಳನ್ನು ನೋಡಬೇಕೆಂದು ಬಾಗಿಲ ಕಡೆ ತಿರುಗುವಷ್ಟರಲ್ಲಿ ಎಚ್ಚರವಾಯಿತು.

ಆ ಎರಡು ಮೂರು ನಿಮಿಷಗಳು 4,299 ರೂಪಾಯಿಗೆ ಅಗ್ಗವೇ ಎಂದು ಆ ಬೆಳಿಗ್ಗೆ ಅನ್ನಿಸಿತ್ತು, ಈಗಲೂ ಪೂರ್ತಿ ಅಲ್ಲಗಳೆಯಲಾರೆ. ಆದರೆ ಕೈಪಿಡಿಯ ಕಾಲ್ಪನಿಕ ಶಾಸ್ತ್ರ ನಿಂತಿರುವುದೇ ಅರಿವು ಬಂದರೆ ಹತೋಟಿ ಬಂದಂತೆ ಎಂಬ ಊಹೆಯ ಮೇಲೆ. ಇವೆರಡೂ ಬೇರೆ ಬೇರೆ. ಹಗ್ಗವೆಂದು ತಿಳಿದ ಮೇಲೆ ಹಾವು ಉಳಿಯುವುದಿಲ್ಲ ಎಂಬ ಅದ್ವೈತದ ಉದಾಹರಣೆಯನ್ನು ಚಿಕ್ಕಂದಿನಿಂದ ಕೇಳಿದ್ದೇನೆ; ಕನಸೆಂದು ತಿಳಿದ ಮೇಲೂ ನನ್ನ ಮಳೆ ಸುರಿಯುತ್ತಲೇ ಇತ್ತು. ಕನಸಿನ ವಸ್ತುಗಳು ವಾಸನೆಗಳಿಂದಲೇ, ಅಂದರೆ ಹಿಂದಿನ ಅನುಭವಗಳು ಮನಸ್ಸಿನಲ್ಲಿ ಉಳಿಸಿದ ಸಂಸ್ಕಾರಗಳಿಂದಲೇ, ಭಗವಂತ ನಿರ್ಮಿಸಿದ ನಿಜವಸ್ತುಗಳು, ಅವನ್ನು ಎಚ್ಚರದ ವಸ್ತುಗಳೆಂದು ತಿಳಿಯುವುದಷ್ಟೇ ಭ್ರಾಂತಿ ಎಂದು ಮಧ್ವಾಚಾರ್ಯರು ಹೇಳುತ್ತಾರೆ. ಜಗಲಿಯಲ್ಲಿ ಕೂತಿದ್ದವನಿಗೆ ಆ ಮಾತು ಹೆಚ್ಚು ಹತ್ತಿರವಾಗಿತ್ತು. ಇದನ್ನು ಸಿದ್ಧಾಂತವಾಗಿ ಮಂಡಿಸುತ್ತಿಲ್ಲ, ಹಾರಲಾಗದವನ ಟಿಪ್ಪಣಿ ಎಂದಿಟ್ಟುಕೊಳ್ಳಿ.

ನಿಜವಾದ ವಿಜ್ಞಾನ ಇದಕ್ಕಿಂತ ವಿನಯದಿಂದಲೂ ಇದಕ್ಕಿಂತ ವಿಸ್ಮಯವಾಗಿಯೂ ಸಾಗಿದೆ. ಅಮೆರಿಕ, ಫ್ರಾನ್ಸ್, ಜರ್ಮನಿ, ನೆದರ್‌ಲೆಂಡ್ಸ್‌ಗಳ ನಾಲ್ಕು ಪ್ರಯೋಗಾಲಯಗಳು ಒಟ್ಟಾಗಿ 36 ಮಂದಿಯನ್ನು ಮಲಗಿಸಿ, ಕನಸಿನಲ್ಲಿರುವಾಗಲೇ ಅವರಿಗೆ ಪ್ರಶ್ನೆ ಕೇಳಿ 2021ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಎಂಟರಲ್ಲಿ ಆರು ಕಳೆದರೆ ಎಷ್ಟು ಎಂದು ಕೇಳಿದಾಗ ಒಬ್ಬರು ಮಲಗಿದ್ದಂತೆಯೇ ಕಣ್ಣನ್ನು ಎರಡು ಬಾರಿ ಹೊರಳಿಸಿ ಉತ್ತರಿಸಿದ್ದಾರೆ. ಹೆಚ್ಚಿನ ಪ್ರಶ್ನೆಗಳಿಗೆ ಉತ್ತರ ಬರಲಿಲ್ಲವೆಂಬುದನ್ನೂ ಅವರೇ ಬರೆದಿದ್ದಾರೆ. ಪ್ರಯೋಗಾಲಯದಲ್ಲಿ ತಲೆಗೆ ತಂತಿಗಳನ್ನು ಅಂಟಿಸಿ ಕಷ್ಟಪಟ್ಟು ಪಡೆದ ಇಷ್ಟು ಫಲದ ಪಕ್ಕದಲ್ಲಿ ಏಳನೆಯ ಮೆಟ್ಟಿಲಿನ ಪರಕನಸು ಪ್ರವೇಶವನ್ನು ಇಟ್ಟು ನೋಡಿದರೆ ಕೈಪಿಡಿಯ ಯೋಗ್ಯತೆ ತಿಳಿಯುತ್ತದೆ.

ಮಾರಾಟದ ನಂತರದ ಸೇವೆಯ ಬಗ್ಗೆ ಹೆಚ್ಚು ಹೇಳುವುದಿಲ್ಲ. ತೆಂಗಿನಕಾಯಿಯ ನಕ್ಷೆಯ ಚಿತ್ರವನ್ನು ಕಳುಹಿಸಿ ವಿವರಣೆ ಕೇಳಿದೆ. ತಮ್ಮ ನಿದ್ರೆ ಉತ್ತಮವಾಗಿದೆ, ಹೀಗೇ ಮುಂದುವರಿಸಿ ಎಂಬ ಉತ್ತರ ಬಂತು. ಸ್ಪಂಜು ಬೆವರಿಗೆ ತಾಗಿದ್ದರಿಂದ ಮರಳಿ ಪಡೆಯಲು ಒಪ್ಪಲಿಲ್ಲ, ಅದು ಸಹಜವೇ. ಇದರ ಮೇಲೂ ಕೊಳ್ಳುವುದಾದರೆ ರೆಮ್ ಗುರುತಿಸುವುದಾಗಿ ಹೇಳದ, ಬರೀ ಟೈಮರ್ ಇರುವ, ಬೆಲೆ ಕಡಿಮೆಯಿರುವ ಪಟ್ಟಿಯನ್ನೇ ಕೊಳ್ಳಿ. ಒಳಗಿರುವುದು ಹೇಗೂ ಅದೇ. ಆ್ಯಪನ್ನು ಹಾಕಿಕೊಳ್ಳದಿದ್ದರೂ ನಡೆಯುತ್ತದೆ, ಗುಂಡಿ ಒತ್ತಿದರೆ ಸಾಕು. ಮೊದಲ ಮಿನುಗು ಮಲಗಿದ ಐದು ಗಂಟೆಯ ನಂತರ ಬರುವಂತೆ ಇಡಿ, ಮೋಟಾರನ್ನು ನಿಲ್ಲಿಸಿ, ವಾರದಲ್ಲಿ ಎರಡು ರಾತ್ರಿಗಿಂತ ಹೆಚ್ಚು, ಅದರಲ್ಲೂ ಮರುದಿನ ವಾಹನ ಓಡಿಸಬೇಕಿದ್ದರೆ, ಕಟ್ಟಿಕೊಳ್ಳಬೇಡಿ. ಹಳೆಯ ವೆಲ್ಕ್ರೋ ತೆಗೆಸಿ ಟೈಲರ್ ಹತ್ತಿರ ಅಗಲವಾದ ಎಲಾಸ್ಟಿಕ್ ಹೊಲಿಸಿದ ಮೇಲೆ ನನ್ನ ಪಟ್ಟಿ ಸುಮಾರಾಗಿ ಹಿತವಾಗಿದೆ. ಈಚೆಗೆ ಅಣ್ಣನ ಮಗ ನೋಡಿ ಕೊಡಿ ಎಂದು ಕೇಳಿದ. ಪಟ್ಟಿಯನ್ನೂ ನನ್ನ ಟಿಪ್ಪಣಿ ಪುಸ್ತಕದಲ್ಲಿ ಉಳಿದಿದ್ದ ಖಾಲಿ ಹಾಳೆಗಳನ್ನೂ ಕೊಟ್ಟೆ, ಕೈಪಿಡಿಯನ್ನು ಮಾತ್ರ ಕೊಡಲಿಲ್ಲ.